ಕತ್ತಾಳೆ ಹೂವಿಗೆ ನೂರು ವರ್ಷ ಬೇಕಿಲ್ಲ, ನಾನೇ ಟೇಪು ಹಿಡಿದು ಅಳೆದಿದ್ದೇನೆ

ಮಾನ್ಯ ಸಂಪಾದಕರೇ,

ಕಳೆದ ಭಾನುವಾರ ನಿಮ್ಮ ಪತ್ರಿಕೆಯಲ್ಲಿ ಕತ್ತಾಳೆ ಹೂವಿನ ಫೋಟೋ ಬಂದಿತ್ತು. ಫೋಟೋ ಚೆನ್ನಾಗಿತ್ತು. ಕೆಳಗಿನ ಸಾಲು ಮಾತ್ರ ಸರಿಯಿರಲಿಲ್ಲ. ‘ನೂರು ವರ್ಷಕ್ಕೊಮ್ಮೆ ಅರಳುವ ಅಪರೂಪದ ಹೂ’ ಎಂದು ಬರೆದಿದ್ದಿರಿ. ತಪ್ಪು ನಿಮ್ಮೊಬ್ಬರದೇ ಅಲ್ಲ ಬಿಡಿ. ಇಂಗ್ಲಿಷಿನಲ್ಲಿ ಈ ಗಿಡಕ್ಕೆ ‘ಸೆಂಚುರಿ ಪ್ಲಾಂಟ್’ ಅಂತಲೇ ಹೆಸರಿಟ್ಟಿದ್ದಾರೆ. ಆದರೆ ನಾನು ಟೈಲರ್. ಅಳತೆ ತಪ್ಪಿದ್ದು ಕಣ್ಣಿಗೆ ಬಿದ್ದರೆ ಸುಮ್ನೆ ಕೂರೋಕೆ ಆಗುವುದಿಲ್ಲ.

ನಮ್ಮ ಹಿತ್ತಲಿನ ಕತ್ತಾಳೆ 2001ರಲ್ಲಿ ಗೆಳೆಯರೊಬ್ಬರು ಕೊಟ್ಟ ಗೇಣುದ್ದದ ಮರಿ. ಹೂ ಬಿಟ್ಟಿದ್ದು 2022ರಲ್ಲಿ. ಲೆಕ್ಕ ಹಾಕಿ, 21 ವರ್ಷ. ಈ ಜಾತಿಗೆ, ಅಂದರೆ ಅಗಾವೆ ಅಮೆರಿಕಾನಾಕ್ಕೆ, ಸಾಮಾನ್ಯವಾಗಿ 10ರಿಂದ 30 ವರ್ಷ ಸಾಕು. ಬಿಸಿಲು ಚೆನ್ನಾಗಿದ್ದರೆ ಬೇಗ, ಚಳಿ ದೇಶದ ಗಾಜಿನ ಮನೆಯಲ್ಲಿ ಕುಂಡದೊಳಗೆ ಕೂರಿಸಿದರೆ ತಡ. ಅಮೆರಿಕದ ಮಿಶಿಗನ್ ವಿಶ್ವವಿದ್ಯಾಲಯದ ಗಾಜಿನ ಮನೆಯಲ್ಲಿ 1934ರಿಂದ ಇದ್ದ ಒಂದು ಗಿಡ 2014ರಲ್ಲಿ ಹೂ ಬಿಟ್ಟಿತು. ದಂಟು ಮೇಲೇಳಲು ಚಾವಣಿಯ ಗಾಜನ್ನೇ ತೆಗೆಯಬೇಕಾಯಿತು. ಅಷ್ಟು ಸೋಮಾರಿ ಗಿಡಕ್ಕೂ 80 ವರ್ಷವೇ ಆಗಿದ್ದು, ನೂರಲ್ಲ.

ನಮ್ಮ ಗಿಡದ ಕತೆಗೆ ಬರುತ್ತೇನೆ. ಅದರ ಸುಳಿಯಲ್ಲಿ ಎಲೆಗಳು ಒಂದಕ್ಕೊಂದು ಬಿಗಿಯಾಗಿ ಒತ್ತಿಕೊಂಡಿರುತ್ತವೆ. ಬಿಚ್ಚಿಕೊಂಡ ಮೇಲೂ ಪಕ್ಕದ ಎಲೆಯ ಮುಳ್ಳಿನ ಸಾಲು ಇದರ ಮೈಮೇಲೆ ಅಚ್ಚಾಗಿ ಉಳಿದಿರುತ್ತದೆ. ಇಸ್ತ್ರಿ ಹಾಕುವಾಗ ಒಳಜೇಬಿನ ಗುರುತು ಪ್ಯಾಂಟಿನ ಮೇಲೆ ಮೂಡುತ್ತದಲ್ಲ, ಥೇಟ್ ಹಾಗೆ. ಆ ವರ್ಷ ಸುಳಿಯಿಂದ ಬಂದ ಹೊಸ ಎಲೆಗಳು ಗಿಡ್ಡವಾಗುತ್ತಾ ಹೋದವು. ಏನೋ ರೋಗ ಅಂದುಕೊಂಡು ಎರಡು ಬುಟ್ಟಿ ಗೊಬ್ಬರ ಹಾಕಿದೆ. ಸುಮ್ನೆ ದಂಡ. ಹದಿನೈದು ದಿನ ಕಳೆಯುವಷ್ಟರಲ್ಲಿ ನಡುವಿನಿಂದ ತೊಡೆಯಷ್ಟು ದಪ್ಪದ, ಬಿದಿರು ಕಳಲೆಯಂಥ ಮೊಳಕೆ ಎದ್ದಿತ್ತು.

ಕುತ್ತಿಗೆಯಲ್ಲಿ ಟೇಪು ಇದ್ದೇ ಇರುತ್ತದಲ್ಲ, ಅಳೆದೆ. ಮೊದಲ ದಿನದಿಂದ ಎರಡನೇ ದಿನಕ್ಕೆ ನಾಲ್ಕು ಇಂಚು. ಒಂದು ದಿನವಂತೂ ಆರು ಇಂಚು! ಬೆಳಿಗ್ಗೆ ಅಂಗಡಿಗೆ ಹೋಗುವ ಮುಂಚೆ ಒಂದು ಸಲ, ಸಂಜೆ ಬಂದ ಮೇಲೆ ಒಂದು ಸಲ. ಬಿಲ್ ಪುಸ್ತಕದ ಹಿಂದೆ ಬರೆದಿಟ್ಟೆ. ನನ್ನ ಟೇಪು ಇರುವುದೇ 60 ಇಂಚು. ಅದು ಮುಗಿದ ಮೇಲೆ ಸ್ಟೂಲು ಹತ್ತಿದೆ. ಆಮೇಲೆ ಬಿದಿರಿನ ಗಳುವಿಗೆ ಅಡಿಗೊಂದು ದಾರದ ಗಂಟು ಕಟ್ಟಿ ಅಳೆದೆ. ಕೊನೆಗೆ ನಿಂತಿದ್ದು ಸುಮಾರು 22 ಅಡಿಗೆ.

ಮೇಲಿನ ಅರ್ಧದಲ್ಲಿ ದೀಪದ ಕಂಬದ ಕೈಗಳ ಹಾಗೆ ಅಡ್ಡ ಕೊಂಬೆಗಳು ಬಂದವು. ಒಂದೊಂದರ ತುದಿಗೂ ಹಸಿರು ಹಳದಿ ಹೂವಿನ ತಟ್ಟೆ. ಕೆಳಗಿನ ತಟ್ಟೆ ಮೊದಲು ಅರಳಿತು, ಆಮೇಲೆ ಅದರ ಮೇಲಿನದು. ಮಕರಂದ ತೊಟ್ಟಿಕ್ಕಿ ಕೆಳಗಿನ ಎಲೆಗಳೆಲ್ಲ ಅಂಟಂಟಾದವು. ಗಿಡದ ತವರು ಮೆಕ್ಸಿಕೊದಲ್ಲಿ ಈ ಮಕರಂದಕ್ಕೆ ರಾತ್ರಿ ಹೊತ್ತು ಉದ್ದ ಮೂತಿಯ ಬಾವಲಿಗಳು ಬರುತ್ತವೆ. ನನಗೆ ಕಂಡಿದ್ದು ಜೇನುನೊಣ ಮಾತ್ರ, ರಾಶಿ ರಾಶಿ.

ಅದೇ ಹೊತ್ತಿಗೆ ಕೆಳಗೆ ಇನ್ನೊಂದು ನಡೆಯುತ್ತಿತ್ತು. ಕಬ್ಬಿಣದ ಹಾಗೆ ನಿಂತಿದ್ದ ಎಲೆಗಳು ಒಂದೊಂದಾಗಿ ಸುಕ್ಕಾಗಿ ನೆಲಕ್ಕೆ ಒರಗಿದವು. 21 ವರ್ಷ ಕೂಡಿಟ್ಟ ನೀರು, ಸಕ್ಕರೆಯನ್ನೆಲ್ಲ ಆ ದಂಟು ಎಳೆದುಕೊಂಡಿತ್ತು. ಗೊಬ್ಬರ, ನೀರು ಯಾವುದಕ್ಕೂ ಅದು ನಿಲ್ಲುವುದಿಲ್ಲ. ‘ದಂಟು ಕಡಿದುಬಿಡಿ, ಗಿಡ ಉಳಿಯುತ್ತೆ’ ಎಂದು ಸಲಹೆ ಕೊಟ್ಟವರು ಮೂರು ಜನ. ಕಡಿದರೂ ಆ ಗಿಡ ಉಳಿಯುವುದಿಲ್ಲ, ಹೂ ನೋಡುವ ಭಾಗ್ಯ ತಪ್ಪುತ್ತದೆ ಅಷ್ಟೇ. ಒಂದು ಗಿಡ ಹೂ ಬಿಡುವುದು ಒಂದೇ ಸಲ. ನೂರು ವರ್ಷಕ್ಕೊಮ್ಮೆ ಅಂದರೆ ಮುಂದಿನ ನೂರಕ್ಕೆ ಮತ್ತೆ ಅರಳುತ್ತದೆ ಅಂತ ಜನ ತಿಳಿಯುತ್ತಾರೆ, ಅಲ್ವಾ? ನಿಮ್ಮ ಸಾಲಿನಲ್ಲಿ ನನಗೆ ಜಾಸ್ತಿ ಚುಚ್ಚಿದ್ದು ಇದೇ. ಉಳಿಯುವುದು ಬುಡದ ಸುತ್ತ ಎದ್ದ ಮರಿಗಳು.

ಕತ್ತಾಳೆಯನ್ನು ಹೂ ಬಿಡಲು ಬಿಡದವರೂ ಇದ್ದಾರೆ. ಟಕೀಲಾ ಎಂಬ ಮದ್ಯಕ್ಕೆ ಬೆಳೆಸುವುದು ನೀಲಿ ಕತ್ತಾಳೆ. ಅದರ ದಂಟು ಎದ್ದ ಕೂಡಲೇ ಕತ್ತರಿಸುತ್ತಾರೆ, ಹೂವಿಗೆ ಹೋಗಬೇಕಾದ ಸಕ್ಕರೆ ಬುಡದಲ್ಲೇ ಉಳಿಯಲಿ ಅಂತ. ಆರೇಳು ವರ್ಷಕ್ಕೆ ಎಲೆಗಳನ್ನೆಲ್ಲ ಸವರಿ, ದೊಡ್ಡ ಅನಾನಸ್ ಹಣ್ಣಿನಂತೆ ಕಾಣುವ ಆ ಬುಡವನ್ನು ಬೇಯಿಸಿ ರಸ ತೆಗೆಯುತ್ತಾರೆ. ಬಾವಲಿಗಳಿಗೆ ಅಲ್ಲಿ ಏನೂ ಸಿಗುವುದಿಲ್ಲ, ಪಾಪ. ಇನ್ನು ಅಗಾವೆ ಸಿರಪ್ ಅಂತ ಒಂದು ಬಂದಿದೆ, ಆರೋಗ್ಯಕ್ಕೆ ಒಳ್ಳೆಯದು ಅಂತ ಹೊಗಳುತ್ತಾರೆ. ಅದರಲ್ಲಿ ಜಾಸ್ತಿ ಇರುವುದು ಫ್ರಕ್ಟೋಸ್. ಅದೂ ಸಕ್ಕರೆಯೇ.

ನನಗೆ ಇಷ್ಟವಾದ ಉಪಯೋಗ ಬೇರೆ. ಎಲೆಯ ತುದಿಯಲ್ಲಿ ಒಂದಿಂಚಿನ ಕಪ್ಪು ಮುಳ್ಳು ಇರುತ್ತದೆ. ಅದನ್ನು ಎಲೆಯಿಂದ ಪೂರ್ತಿ ಬೇರೆ ಮಾಡದೆ, ಬುಡದ ಸುತ್ತ ಸಿಪ್ಪೆ ಸೀಳಿ ಮೆಲ್ಲಗೆ ಕೆಳಕ್ಕೆ ಎಳೆದರೆ, ಮುಳ್ಳಿಗೆ ಅಂಟಿಕೊಂಡೇ ನಾರು ಬರುತ್ತದೆ. ಸೂಜಿ, ದಾರ ಎರಡೂ ತಯಾರು. ಮೆಕ್ಸಿಕೊದ ಹಳೆಯ ಜನ ಹೀಗೇ ಹೊಲಿಯುತ್ತಿದ್ದರು. ನಾನೂ ಮಾಡಿ ನೋಡಿದೆ. ಮೊದಲ ಮೂರು ಸಲ ನಾರು ಕಿತ್ತು ಬಂತು. ನಾಲ್ಕನೆಯದರಲ್ಲಿ ಒಂದು ಗೋಣಿಚೀಲದ ಬಾಯಿ ಹೊಲಿದೆ. ಹೊಲಿಗೆ ಇವತ್ತಿಗೂ ಬಿಟ್ಟಿಲ್ಲ. 40 ವರ್ಷದ ಕಸುಬಿನಲ್ಲಿ ಸೂಜಿಗೆ ದಾರ ಪೋಣಿಸದೆ ಹೊಲಿದಿದ್ದು ಅದೊಂದೇ ಸಲ.

ಹಗ್ಗ, ಚಾಪೆಗೆ ಬಳಸುವ ನಾರು ಹೆಚ್ಚಾಗಿ ಇದರ ತಂಗಿ ಸಿಸಾಲ್‌ನದು. ಬಾಣ ಎಸೆದು ಆಡುವ ಡಾರ್ಟ್ ಬೋರ್ಡಿನೊಳಗೆ ಇರುವುದೂ ಅದೇ ನಾರು. ಮೆಕ್ಸಿಕೊದ ಸಿಸಾಲ್ ಎಂಬ ಬಂದರಿನಿಂದ ಬಂದ ಹೆಸರು. ಒಂದು ಗಿಡ ತನ್ನ ಆಯುಸ್ಸಿನಲ್ಲಿ 200ರಿಂದ 250 ಎಲೆ ಕೊಡುತ್ತದೆ, ಒಂದೊಂದು ಎಲೆಯಲ್ಲಿ ಸುಮಾರು 1000 ಎಳೆ. ಕೇಳಲು ದೊಡ್ಡ ಲೆಕ್ಕ, ಆದರೆ ತೂಕದಲ್ಲಿ ನೂರು ಕಿಲೋ ಎಲೆಗೆ ನಾಲ್ಕು ಕಿಲೋ ನಾರು ಸಿಕ್ಕರೆ ಹೆಚ್ಚು. ಉಳಿದದ್ದು ನೀರು, ತಿರುಳು. ಈ ಗಿಡ ಬೀಜ ಕಟ್ಟುವುದೇ ಅಪರೂಪ. ದಂಟಿನ ಮೇಲೆಯೇ ಪುಟ್ಟ ಪುಟ್ಟ ಮರಿ ಬಿಡುತ್ತದೆ. 1893ರಲ್ಲಿ ರಿಚರ್ಡ್ ಹಿಂಡಾರ್ಫ್ ಎಂಬವರು ಅಂಥ 1000 ಮರಿಗಳನ್ನು ಫ್ಲಾರಿಡಾದಿಂದ ಪೂರ್ವ ಆಫ್ರಿಕಕ್ಕೆ ತರಿಸಿದರು. ಬದುಕಿ ತಲುಪಿದ್ದು 62. ಈಗಿನ ಟಾಂಜಾನಿಯದ ಸಿಸಾಲ್ ತೋಟಗಳು ಶುರುವಾಗಿದ್ದು ಅವುಗಳಿಂದ.

ಇನ್ನೊಂದು ಮಾತು ಬರೆಯಲೇಬೇಕು. ನಮ್ಮ ಪರಿಚಯದ ಹುಡುಗಿಯೊಬ್ಬಳು ಇದನ್ನು ಲೋಳೆಸರ ಅಂದುಕೊಂಡು ರಸ ಮುಖಕ್ಕೆ ಹಚ್ಚಿಕೊಂಡಳು. ಅರ್ಧ ಗಂಟೆಯಲ್ಲಿ ಮುಖವೆಲ್ಲ ಕೆಂಪು, ಉರಿ. ಕತ್ತಾಳೆ ರಸದಲ್ಲಿ ಕ್ಯಾಲ್ಸಿಯಂ ಆಕ್ಸಲೇಟಿನ ಸೂಜಿಯಂಥ ಹರಳುಗಳಿರುತ್ತವೆ, ಚರ್ಮಕ್ಕೆ ನಾಟುತ್ತವೆ. ನಗುವುದಕ್ಕೆ ನನಗೂ ಬಾಯಿಲ್ಲ. ಒಣಗಿದ ಗಿಡ ತೆಗೆಯುವಾಗ ತುಂಬುತೋಳಿನ ಅಂಗಿ ಹಾಕದೆ ಮಚ್ಚು ಬೀಸಿ, ಒಂದು ವಾರ ಕೈ ಕೆರೆದುಕೊಂಡಿದ್ದೇನೆ. ಗುರುತು ಸುಲಭ. ಲೋಳೆಸರದ ಎಲೆ ಮುರಿದರೆ ಒಳಗೆ ಲೋಳೆ, ಕತ್ತಾಳೆ ಎಲೆ ಮುರಿಯುವುದೇ ಇಲ್ಲ, ನಾರು ಹಿಡಿದುಕೊಳ್ಳುತ್ತದೆ. ಲೋಳೆಸರ ವರ್ಷ ವರ್ಷ ಹೂ ಬಿಟ್ಟರೂ ಸಾಯುವುದಿಲ್ಲ. ಎರಡೂ ಒಂದೇ ಕುಟುಂಬದವಲ್ಲ. ಕತ್ತಾಳೆ ಸೇರುವುದು ಶತಾವರಿಯ ಕುಟುಂಬಕ್ಕೆ ಅಂದರೆ ಯಾರೂ ನಂಬುವುದಿಲ್ಲ.

ಬೆಳೆಸುವುದರಲ್ಲಿ ದೊಡ್ಡ ವಿದ್ಯೆ ಏನಿಲ್ಲ. ಬುಡದ ಮರಿಯನ್ನು ಬೇರು ಸಮೇತ ಕಿತ್ತು, ಗಾಯ ಒಣಗಲು ಮೂರು ನಾಲ್ಕು ದಿನ ನೆರಳಲ್ಲಿಟ್ಟು, ನೀರು ನಿಲ್ಲದ ಮಣ್ಣಿನಲ್ಲಿ, ಬಿಸಿಲಲ್ಲಿ ನೆಡಿ. ಆಮೇಲೆ ಮರೆತರೂ ನಡೆಯುತ್ತದೆ. ಹಗಲಲ್ಲಿ ಮೈಯ ರಂಧ್ರ ಮುಚ್ಚಿಕೊಂಡು ರಾತ್ರಿ ಮಾತ್ರ ಉಸಿರಾಡುವ ಗಿಡ ಅದು, ನೀರು ಪೋಲು ಮಾಡುವುದಿಲ್ಲ. ಜಾಸ್ತಿ ನೀರು ಕುಡಿಸಿದರೇ ಕೊಳೆಯುತ್ತದೆ. ಬಾಗಿಲ ಪಕ್ಕ, ಮಕ್ಕಳು ಓಡಾಡುವ ದಾರಿಯಲ್ಲಿ ಮಾತ್ರ ಬೇಡ. ಮುಳ್ಳು ಸರಿಯಾಗಿ ಕಣ್ಣಿನ ಎತ್ತರಕ್ಕೆ ಬರುತ್ತದೆ. ನಾನು ದಾರಿಯ ಕಡೆಯ ಎಲೆಗಳ ಮುಳ್ಳಿನ ತುದಿಯನ್ನು ನೇಲ್ ಕಟ್ಟರಿನಲ್ಲಿ ಕತ್ತರಿಸುತ್ತಿದ್ದೆ. ಮುಳ್ಳು ಬೇಡವೇ ಬೇಡ ಅನ್ನುವವರಿಗೆ ಅಟೆನ್ಯುಯೇಟಾ ಎಂಬ ಮೆತ್ತನೆಯ ಜಾತಿ ಇದೆ, ಅದರ ಹೂದಂಟು ನರಿಯ ಬಾಲದ ಹಾಗೆ ಬಾಗುತ್ತದೆ.

ಮುಂದಿನ ಸಲ ಇಂಥ ಫೋಟೋ ಹಾಕುವಾಗ ಆ ಮನೆಯವರನ್ನು ಒಂದು ಮಾತು ಕೇಳಿ, ಮರಿ ನೆಟ್ಟಿದ್ದು ಯಾವ ವರ್ಷ ಅಂತ. ಆ ಲೆಕ್ಕ ಹಾಕಿದರೆ ನಮ್ಮಂಥವರಿಗೆ ಓದಲು ಚೆಂದ. ನನ್ನ ಮರಿಗಳಲ್ಲಿ ಎರಡು ಈಗ ಮೊಣಕಾಲೆತ್ತರ ಇವೆ. ಒಣಗಿದ ದಂಟು ನೋಡಲು ಮರದಂತಿದ್ದರೂ ಒಬ್ಬನೇ ಎತ್ತುವಷ್ಟು ಹಗುರ. ಎಂಟಡಿಯ ತುಂಡೊಂದನ್ನು ಅಂಗಡಿಯಲ್ಲಿ ಅಡ್ಡ ಕಟ್ಟಿದ್ದೇನೆ. ಹೊಲಿದು ಮುಗಿಸಿದ ಬ್ಲೌಸುಗಳನ್ನು ಅದರ ಮೇಲೆಯೇ ನೇತು ಹಾಕುವುದು.

ಇಂತಿ,
ನಿಮ್ಮ ಓದುಗ, ಒಬ್ಬ ಟೈಲರ್