ಬ್ಲ್ಯಾಕ್ ಲೋಕಸ್ಟ್ ಬೀಜ ತರಿಸುವ ಮೊದಲು

ಮಾನ್ಯ ಸಂಪಾದಕರೇ,

ಶಿರಸಿ, ಸಿದ್ದಾಪುರ, ಯಲ್ಲಾಪುರ ಕಡೆಯ ಕೃಷಿಕರ ವಾಟ್ಸಾಪ್ ಗುಂಪುಗಳಲ್ಲಿ ಈಗ ಒಂದು ಮರದ ಸುದ್ದಿ ಓಡಾಡುತ್ತಿದೆ. ಹೆಸರು ಬ್ಲ್ಯಾಕ್ ಲೋಕಸ್ಟ್. ಬೇಗ ಬೆಳೆಯುತ್ತದೆ, ಗೂಟ ಹುಗಿದರೆ ಹತ್ತಾರು ವರ್ಷ ಬಾಳಿಕೆ ಬರುತ್ತದೆ, ಮಣ್ಣಿಗೆ ಸಾರಜನಕ ಕೊಡುತ್ತದೆ, ಹೂವಿಗೆ ಜೇನು ಮುಗಿಬೀಳುತ್ತದೆ, ಬೀಜ ಆನ್‌ಲೈನ್‌ನಲ್ಲಿ ಸಿಗುತ್ತದೆ, ತರಿಸಿ ಬೇಣದ (ಹುಲ್ಲು ಬೆಳೆಯುವ ಜಾಗದ) ಅಂಚಿಗೆ ಹಾಕಿ ಅಂತ ಬರೆದಿರುತ್ತಾರೆ. ನಮ್ಮೂರಲ್ಲೇ ಕೆಲವರು ಈ ಮಳೆಗಾಲಕ್ಕೆ ಬೀಜ ತರಿಸುವ ಲೆಕ್ಕದಲ್ಲಿದ್ದಾರೆ. ಅದಕ್ಕೇ ಈ ಪತ್ರ.

ಹೊಗಳಿದ್ದು ಸುಳ್ಳಲ್ಲ. ಮರ ನಿಜಕ್ಕೂ ಒಳ್ಳೆಯದು. ಆದರೆ ಅದು ಚಳಿ ಸೀಮೆಯ ಮರ. ಅದರ ತವರು ಅಮೆರಿಕದ ಪೂರ್ವ ಭಾಗದ ಅಪಲಾಚಿಯನ್ ಬೆಟ್ಟಗಳು. ಅಲ್ಲಿ ಚಳಿಗಾಲದಲ್ಲಿ ಹಿಮ ಬೀಳುತ್ತದೆ, ಮರ ಎಲೆ ಉದುರಿಸಿ ತಿಂಗಳುಗಟ್ಟಲೆ ಸುಮ್ಮನೆ ನಿಲ್ಲುತ್ತದೆ, ಬೆಚ್ಚಗಾದ ಮೇಲೆ ಚಿಗುರಿ ಮೇ, ಜೂನ್ ಹೊತ್ತಿಗೆ ಬಿಳಿ ಹೂವಿನ ಗೊಂಚಲು ಬಿಡುತ್ತದೆ. ವರ್ಷಕ್ಕೆ ಹೆಚ್ಚುಕಡಿಮೆ 1000ದಿಂದ 1800 ಮಿ.ಮೀ. ಮಳೆ, ಅದೂ ಹನ್ನೆರಡು ತಿಂಗಳಿಗೆ ಹಂಚಿಕೊಂಡು ಬೀಳುವ ಮಳೆ. ಶಿರಸಿಯಲ್ಲಿ ಸುಮಾರು 2500 ಮಿ.ಮೀ., ಕಾರವಾರದಲ್ಲಿ ಇನ್ನೂ ಜಾಸ್ತಿ, ಬಹುಪಾಲು ನಾಲ್ಕೇ ತಿಂಗಳಲ್ಲಿ ಸುರಿದು ಮುಗಿಯುತ್ತದೆ. ಈ ಮರಕ್ಕೆ ಬೇರಿನ ಬುಡದಲ್ಲಿ ನೀರು ನಿಂತರೆ ಆಗುವುದಿಲ್ಲ. ಆಷಾಢದಲ್ಲಿ ನಮ್ಮ ಬೇಣದ ಮಣ್ಣು ಹೇಗಿರುತ್ತದೆ ಅಂತ ಗೊತ್ತಲ್ವಾ? ಗುದ್ದಲಿ ಹಾಕಿದ ಕಡೆಯೆಲ್ಲ ಒರತೆ.

ಭಾರತದಲ್ಲೂ ಈ ಮರ ಇದೆ ಅನ್ನುತ್ತಾರೆ. ಹೌದು, ಇದೆ. ಕಾಶ್ಮೀರದಲ್ಲಿ, ಹಿಮಾಚಲದಲ್ಲಿ, ಉತ್ತರಾಖಂಡದ ಎತ್ತರದ ಬೆಟ್ಟಗಳಲ್ಲಿ. ಶಿರಸಿ ಸಮುದ್ರಮಟ್ಟದಿಂದ ಸುಮಾರು 600 ಮೀಟರ್ ಎತ್ತರದಲ್ಲಿದೆ, ಪುಷ್ಯ ಮಾಸದ ಬೆಳಗಿನ ಜಾವದ ನಮ್ಮ ಚಳಿ ಈ ಮರಕ್ಕೆ ಚಳಿಯೇ ಅಲ್ಲ. ಕುಮಟಾ, ಅಂಕೋಲಾ, ಕಾರವಾರದವರಂತೂ ಇದರ ಯೋಚನೆಯನ್ನೇ ಮಾಡಬೇಕಾಗಿಲ್ಲ.

ಬೀಜ ಮೊಳೆಸುವುದು ಕಷ್ಟವೇನಲ್ಲ. ಸಿಪ್ಪೆ ಗಟ್ಟಿ. ಬಿಸಿನೀರಿಗೆ ಹಾಕಿ ರಾತ್ರಿಯಿಡೀ ನೆನೆಸಿದರೆ ಉಬ್ಬಿ ಮೊಳಕೆ ಬರುತ್ತದೆ, ಸುಬಾಬುಲ್ ಬೀಜಕ್ಕೆ ಮಾಡುವ ಹಾಗೇ. ಹಾಗಾಗಿ ಬೀಜ ಮಾರುವವರು ಕಳಿಸುವ ಸಸಿಯ ಫೋಟೋ ನೋಡಿ ಮರುಳಾಗಬೇಡಿ. ಪಾಲಿಥಿನ್ ಚೀಲದಲ್ಲಿ ಮೊಳಕೆ ಬರುವುದು ಬೇರೆ, ನಮ್ಮ ಒಂದು ಮಳೆಗಾಲ ದಾಟಿ ಮರವಾಗುವುದು ಬೇರೆ.

ಇಷ್ಟಾಗಿ ಎಲ್ಲಾದರೂ ಬದುಕಿತು ಅಂತಲೇ ಇಟ್ಟುಕೊಳ್ಳಿ. ಆಗ ಇನ್ನೊಂದು ತಲೆನೋವು. ಇದು ಬೇರಿನಿಂದಲೇ ಹೊಸ ಸಸಿ ಎಬ್ಬಿಸುವ ಮರ. ಬುಡಕ್ಕೆ ಕೊಡಲಿ ಹಾಕಿದರೆ ಸುತ್ತಲಿನ ಬೇರಿನಿಂದೆಲ್ಲ ಚಿಗುರು ಏಳುತ್ತದೆ, ಪ್ರತಿ ಎಲೆಯ ಬುಡದಲ್ಲೂ ಜೋಡಿ ಮುಳ್ಳು. ಹಂಗೇರಿಯವರು ಇದನ್ನು 18ನೇ ಶತಮಾನದ ಆರಂಭದಲ್ಲಿ ತಂದರು, ಆಮೇಲೆ ಹಾರುವ ಮರಳು ನೆಲ ನಿಲ್ಲಿಸಲು ಬಯಲುಗಳಲ್ಲೆಲ್ಲ ನೆಟ್ಟರು. ಈಗ ಅವರ ಕಾಡಿನ ಸುಮಾರು ನಾಲ್ಕನೇ ಒಂದು ಭಾಗ ಇದೇ ಮರ. ಅವರಿಗೆ ಅದರಿಂದ ಕಟ್ಟಿಗೆ, ಗೂಟ, ಜೇನು ಎಲ್ಲ ಸಿಗುತ್ತಿದೆ, ಅದನ್ನು ಇಲ್ಲ ಅನ್ನಬಾರದು. ಆದರೆ ಅದೇ ಯುರೋಪಿನಲ್ಲಿ ಒಣ ಹುಲ್ಲುಗಾವಲುಗಳಿಗೆ ಇದು ನುಗ್ಗಿ, ಬಡ ಮಣ್ಣಿಗೆ ಸಾರಜನಕ ತುಂಬಿ, ಅಲ್ಲಿನ ಅಪರೂಪದ ಹುಲ್ಲು, ಹೂಗಿಡಗಳು ಕಾಣೆಯಾಗುತ್ತಿವೆ. ನಮ್ಮ ಬೇಣವೂ ಹುಲ್ಲುಗಾವಲೇ. ದನಕ್ಕೆ ಕರಡ (ಒಣ ಹುಲ್ಲು) ಬರುವುದು ಅಲ್ಲಿಂದಲೇ.

ದನದ ಮಾತು ಬಂತು. ಈ ಮರದ ತೊಗಟೆ, ಎಲೆ, ಬೀಜದಲ್ಲಿ ವಿಷ ಇದೆ. ಹರಳು ಬೀಜದಲ್ಲಿರುವ ವಿಷದ ಜಾತಿಯದೇ ಒಂದು ಪ್ರೋಟೀನು. ತೊಗಟೆ ಕಡಿದ ಕುದುರೆಗಳು ಕಾಯಿಲೆ ಬಿದ್ದದ್ದು, ಸತ್ತದ್ದು ಆ ದೇಶಗಳಲ್ಲಿ ಹಳೆಯ ಸಂಗತಿ. ವಾಟ್ಸಾಪ್ ಮೆಸೇಜಿನಲ್ಲಿ ಇದರ ಸುದ್ದಿಯೇ ಇಲ್ಲ. ಮೇಯಲು ಬಿಟ್ಟ ದನ ಬೇಲಿಗೆ ಬಾಯಿ ಹಾಕದೇ ಇರುತ್ತದಾ?

ಹೊರಗಿನ ಮರ ಅಂದ ಕೂಡಲೇ ಬೇಡ ಅನ್ನುವವನು ನಾನಲ್ಲ. ಗಾಳಿ ಮರ (ಕ್ಯಾಸುರಿನಾ) 1868ರಲ್ಲಿ ಕಾರವಾರಕ್ಕೆ ಬಂತು. ಅದರ ಮೂಲವೂ ಬಿಸಿ ಸೀಮೆಯ ಕಡಲ ದಂಡೆ, ಉಪ್ಪುಗಾಳಿ, ಮರಳು ಅದಕ್ಕೆ ಹೊಸದಲ್ಲ, ಹಾಗಾಗಿ ಇಲ್ಲಿನ ದಂಡೆಯಲ್ಲೂ ಬೇರು ಬಿಟ್ಟಿತು. ನಮ್ಮ ಗೊಬ್ಬರದ ಗಿಡವೂ (ಗ್ಲಿರಿಸಿಡಿಯಾ) ಮೆಕ್ಸಿಕೋ, ಮಧ್ಯ ಅಮೆರಿಕದ್ದೇ. ಮರ ಎಲ್ಲಿಂದ ಬಂತು ಅನ್ನುವುದು ನನ್ನ ತಕರಾರಲ್ಲ, ಅಲ್ಲಿನ ಹವೆಗೂ ಇಲ್ಲಿನ ಹವೆಗೂ ತಾಳೆ ಇದೆಯಾ ಅಂತ ಯಾರೂ ನೋಡುತ್ತಿಲ್ಲ ಅನ್ನುವುದು ತಕರಾರು. ಹಾಗೆ ತಾಳೆ ಆದರೂ ಸಾಲದು. ಅಕೇಶಿಯಾ ನೋಡಿ. ಆಸ್ಟ್ರೇಲಿಯಾ, ಪಪುವಾ ನ್ಯೂಗಿನಿ ಕಡೆಯ ಮರ, ನಮ್ಮ ಹವೆಗೆ ಚೆನ್ನಾಗಿಯೇ ಹೊಂದಿಕೊಂಡಿತು, ಬೋಳು ಗುಡ್ಡಕ್ಕೆ ಹಸಿರು ಬಂತು, ಕಟ್ಟಿಗೆಯೂ ಆಯಿತು. ಆದರೆ ಅದರ ದರಕು, ಅಂದರೆ ಉದುರಿದ ಒಣ ಎಲೆ, ತಂದು ಕೊಟ್ಟಿಗೆಗೆ ಹಾಸಿದವರನ್ನು ಕೇಳಿ. ಅದು ನಿಜವಾದ ಎಲೆಯೇ ಅಲ್ಲ, ಚಪ್ಪಟೆಯಾದ ಎಲೆತೊಟ್ಟು. ಎಳೆ ಸಸಿಯಲ್ಲಿ ಮೊದಲು ಹುಣಸೆ ಎಲೆಯಂಥ ಸಣ್ಣ ಎಲೆ ಬಂದು, ಆಮೇಲೆ ತೊಟ್ಟೇ ಅಗಲವಾಗುತ್ತಾ ಹೋಗುವುದನ್ನು ಯಾರು ಬೇಕಾದರೂ ಕಣ್ಣಾರೆ ನೋಡಬಹುದು. ಆ ತೊಗಲಿನಂಥ ತೊಟ್ಟು ಮುಂದಿನ ಮಳೆಗಾಲಕ್ಕೂ ಪೂರ್ತಿ ಕೊಳೆಯದೆ ಹಾಗೇ ಬಿದ್ದಿರುತ್ತದೆ. ಅಂಥದ್ದನ್ನು ತೋಟದ ಗೊಬ್ಬರಕ್ಕೆ ಸೊಪ್ಪು, ದರಕು ತರುವ ಸೊಪ್ಪಿನ ಬೆಟ್ಟದ ಸುತ್ತಮುತ್ತ ನೆಟ್ಟು ಈಗ ಗೊಬ್ಬರಕ್ಕೆ ಪರದಾಡುತ್ತಿದ್ದೇವೆ.

ಹಾಗಾದರೆ ಏನು ನೆಡಬೇಕು? ಸೊಪ್ಪಿಗೆ, ಬೇಲಿಗೆ ಗೊಬ್ಬರದ ಗಿಡ ಸಾಕು. ಮಳೆ ಹಿಡಿಯುವ ಹೊತ್ತಿಗೆ ಮುಂಗೈ ದಪ್ಪದ, ನಾಲ್ಕೈದು ಅಡಿಯ ಬಲಿತ ಗೂಟ ಕಡಿದು, ಮೇಲಿನ ತುದಿಗೆ ನೀರು ನಿಲ್ಲದ ಹಾಗೆ ಓರೆ ಕಚ್ಚು ಹಾಕಿ, ಸ್ವಲ್ಪ ಸಗಣಿ ಮೆತ್ತಿ ಹುಗಿದರೆ ಆಯಿತು. ಮಳೆಗಾಲ ಮುಗಿಯುವಾಗ ಅದರ ಎಳೆ ಸಸಿಯೊಂದನ್ನು ಮೆಲ್ಲಗೆ ಕಿತ್ತು ಬೇರು ನೋಡಿ. ರಾಗಿ, ಜೋಳದ ಗಾತ್ರದ ಗಂಟುಗಳಿರುತ್ತವೆ. ಒಂದನ್ನು ಉಗುರಿನಲ್ಲಿ ಸೀಳಿದಾಗ ಒಳಗೆ ನಸುಗೆಂಪು ಕಂಡರೆ ಅಲ್ಲಿ ಸಾರಜನಕ ಹಿಡಿಯುವ ಕೆಲಸ ನಡೆಯುತ್ತಿದೆ ಅಂತ ಅರ್ಥ, ಬೂದು ಬಣ್ಣವಿದ್ದರೆ ಕೆಲಸ ನಿಂತಿದೆ. ಬ್ಲ್ಯಾಕ್ ಲೋಕಸ್ಟ್ ಬೇರಿನಲ್ಲಿ ಇರುವುದೂ ಇಂಥದ್ದೇ ಗಂಟು, ಬೇರೇನೂ ಮಾಯೆ ಇಲ್ಲ. ಹಾಲಿವಾಣವೂ ಇದೇ ಕೆಲಸ ಮಾಡುತ್ತದೆ, ಆದರೆ ಎಲೆಯಲ್ಲಿ ಗಂಟು ಕಟ್ಟುವ ಹುಳದ ಕಾಟದಿಂದ ಅದನ್ನು ನಂಬುವುದು ಕಷ್ಟವಾಗಿದೆ.

ಜೇನಿನ ಬಗ್ಗೆ ಒಂದೇ ಮಾತು. ಅಂಗಡಿಯಲ್ಲಿ ‘ಅಕೇಶಿಯಾ ಹನಿ’ ಅಂತ ಬರುವ, ಬೇಗ ಹರಳುಗಟ್ಟದ ತಿಳಿ ಬಣ್ಣದ ಜೇನುತುಪ್ಪ ಸಾಮಾನ್ಯವಾಗಿ ಈ ಬ್ಲ್ಯಾಕ್ ಲೋಕಸ್ಟಿನದು, ನಮ್ಮ ಗುಡ್ಡದ ಅಕೇಶಿಯಾದ್ದಲ್ಲ. ಪೆಟ್ಟಿಗೆಯಲ್ಲಿ ತುಡುವೆ ಜೇನು ಸಾಕುವವರಿಗೆ ನೇರಳೆ, ಅಂಟುವಾಳ, ಮತ್ತಿ ಉಳಿದರೆ ಸಾಕಲ್ವಾ.

ಉಳಿದದ್ದು ಗೂಟದ ಪ್ರಶ್ನೆ. ನಿಜವಾದ ತೊಂದರೆ ಇರುವುದು ಇಲ್ಲಿ. ಬ್ಲ್ಯಾಕ್ ಲೋಕಸ್ಟಿನ ಕೆಚ್ಚಿನಲ್ಲಿ (ಕಾಂಡದ ಒಳಗಿನ ಗಟ್ಟಿ ಭಾಗದಲ್ಲಿ) ಶಿಲೀಂಧ್ರ ತಡೆಯುವ ಅಂಶಗಳಿವೆ, ಅದಕ್ಕೇ ಅಲ್ಲಿ ಅದು ನೆಲದಲ್ಲಿ ಹತ್ತಾರು ವರ್ಷ ಬಾಳುತ್ತದೆ. ನಮ್ಮಲ್ಲಿ ಆ ಜಾಗಕ್ಕೆ ನಮ್ಮ ಕಾಡಿನದೇ ಜಂಬೆ ಮರ ಇದೆ. ಕೆಚ್ಚು ಬಲಿತ ಜಂಬೆಗೆ ಒರಲೆಯೂ (ಗೆದ್ದಲು) ಸುಲಭಕ್ಕೆ ಬಾಯಿ ಹಾಕುವುದಿಲ್ಲ, ಕಡಿದ ಬುಡ ಮತ್ತೆ ಚಿಗುರುತ್ತದೆ. ಬೇಸಿಗೆಯ ಬಿಸಿಲಿಗೆ ಅದರ ಕೋಡು ಪಟ್ ಅಂತ ಸಿಡಿದು ಬೀಜ ದೂರ ಹಾರುತ್ತದೆ, ಆರಿಸಿ ತಂದರೆ ಆ ಮಳೆಗೇ ಸಸಿ. ದುಡ್ಡೂ ಬೇಡ.

ಮತ್ತೆ ಯಾಕೆ ಯಾರೂ ನೆಡುವುದಿಲ್ಲ? ಬೆಳೆಯುವುದು ನಿಧಾನ ಅನ್ನುವುದು ಒಂದು ಕಾರಣ. ದೊಡ್ಡ ಕಾರಣ ಬೇರೆ. ಮಾಲ್ಕಿ (ಸ್ವಂತ ಹಕ್ಕಿನ) ಜಮೀನಿನಲ್ಲಿ ಸ್ವಂತ ಕೈಯಿಂದ ನೆಟ್ಟ ಜಂಬೆಯಾದರೂ ನಾಳೆ ಕಡಿಯಲು ಅನುಮತಿಗೆ ಅಲೆಯಬೇಕು ಅನ್ನುವ ಭಯ. 1976ರ ಕರ್ನಾಟಕ ವೃಕ್ಷ ಸಂರಕ್ಷಣಾ ಕಾಯ್ದೆಯಲ್ಲಿ ಗಾಳಿ, ನೀಲಗಿರಿ, ಸಿಲ್ವರ್ ಓಕ್, ಗೊಬ್ಬರದ ಗಿಡದಂಥ ಕೆಲವಕ್ಕೆ ವಿನಾಯಿತಿ ಇದೆ, ಜಂಬೆ, ಹೊನ್ನೆ, ಮತ್ತಿಗೆ ಇಲ್ಲ. ಕಾಡಿನ ಮರ ಉಳಿಯಲಿ ಅನ್ನುವ ಉದ್ದೇಶ ಸರಿಯೇ. 1983ರಲ್ಲಿ ಸಾಲ್ಕಣಿಯ ಜನ ಕಾಡು ಕಡಿಯುವುದನ್ನು ತಡೆಯಲು ಮರ ಅಪ್ಪಿಕೊಂಡ ಸೀಮೆ ಇದು, ಆ ಉದ್ದೇಶಕ್ಕೆ ಇಲ್ಲಿ ಯಾರೂ ಎರಡು ಮಾತಾಡುವುದಿಲ್ಲ. ಆದರೆ ಅದರ ಪರಿಣಾಮ ನೋಡಿ: ಊರಿನ ಮರ ನೆಟ್ಟವನಿಗೆ ಅಲೆದಾಟ, ಅಪಲಾಚಿಯನ್ ಬೆಟ್ಟದ ಮರದ ಬೀಜ ಮನೆಬಾಗಿಲಿಗೆ ಕೊರಿಯರ್.

ಹಾಗಾಗಿ ಅರಣ್ಯ ಇಲಾಖೆಯವರಲ್ಲಿ ನನ್ನ ಕೋರಿಕೆ ಇಷ್ಟು. ಮಾಲ್ಕಿ ಜಮೀನಿನಲ್ಲಿ ರೈತ ನೆಟ್ಟ ಜಂಬೆ, ಮತ್ತಿ, ಹೊನ್ನೆಯನ್ನು ನೆಡುವಾಗಲೇ ಪಂಚಾಯಿತಿಯಲ್ಲಿ ಬರೆಸಿಕೊಳ್ಳಿ, ಕಡಿಯುವಾಗ ಆ ದಾಖಲೆ ನೋಡಿ ಅಲ್ಲೇ ಅನುಮತಿ ಕೊಡಿ. ನರ್ಸರಿಗಳಲ್ಲಿ ಈ ಸಸಿಗಳನ್ನು ಜಾಸ್ತಿ ಮಾಡಿ. ಶಿರಸಿಯಲ್ಲೇ ಅರಣ್ಯ ಮಹಾವಿದ್ಯಾಲಯ ಇದೆ, ಬೇಲಿ ಗೂಟಕ್ಕೆ ಯಾವ ಜಾತಿ ಎಷ್ಟು ವರ್ಷಕ್ಕೆ ಕಟಾವಿಗೆ ಬರುತ್ತದೆ ಅಂತ ಅಲ್ಲಿನವರು ಸರಳ ಕನ್ನಡದಲ್ಲಿ ಬರೆದುಕೊಟ್ಟರೆ ದೊಡ್ಡ ಉಪಕಾರ.

ನಿಮ್ಮಲ್ಲೂ ಒಂದು ವಿನಂತಿ. ಕೃಷಿ ಪುಟದಲ್ಲಿ ಹೊಸ ಮರದ ಪರಿಚಯ ಹಾಕುವಾಗ ಅದರ ತವರು, ಅಲ್ಲಿನ ಚಳಿ, ಮಳೆ, ದನಕ್ಕೆ ವಿಷವೋ ಅಲ್ಲವೋ ಅನ್ನುವುದನ್ನು ತಪ್ಪದೆ ಹಾಕಿ. ಯಾವ ಮರ ಕಡಿಯಲು ಅನುಮತಿ ಬೇಕು, ಯಾವುದಕ್ಕೆ ಬೇಡ ಅನ್ನುವ ಪಟ್ಟಿಯನ್ನು ಮಳೆಗಾಲಕ್ಕೆ ಮೊದಲೇ ಒಮ್ಮೆ ಪ್ರಕಟಿಸಿ.

ಇಂತಿ,
ಒಬ್ಬ ಅಡಿಕೆ ಬೆಳೆಗಾರ, ಶಿರಸಿ ತಾಲೂಕು