ಖಾತೆ ಹಂಚಿಕೆಗೇ ಎರಡು ವಾರ

ಮಾನ್ಯ ಸಂಪಾದಕರೇ,

ಸಮ್ಮಿಶ್ರ ಸರ್ಕಾರ ಅಂದ ಕೂಡಲೇ ನನಗೆ 2018 ನೆನಪಾಗುತ್ತದೆ. ಮೇ 23ಕ್ಕೆ ಕುಮಾರಸ್ವಾಮಿ ಮುಖ್ಯಮಂತ್ರಿ, ಪರಮೇಶ್ವರ ಉಪಮುಖ್ಯಮಂತ್ರಿ ಆದರು. ಬೇರೆ ಮಂತ್ರಿಗಳು ಬಂದಿದ್ದು ಜೂನ್ 6ಕ್ಕೆ! ಅಲ್ಲಿಯವರೆಗೆ ಹಣಕಾಸು ಯಾರಿಗೆ, ಗೃಹ ಯಾರಿಗೆ ಅನ್ನೋ ಹಗ್ಗಜಗ್ಗಾಟವನ್ನೇ ನಾವು ದಿನಾ ಓದಿದ್ದು. ಕಾಂಗ್ರೆಸ್‌ಗೆ 22, ಜೆಡಿಎಸ್‌ಗೆ 12 ಸ್ಥಾನ ಅಂತ ಪ್ರಮಾಣವಚನಕ್ಕೆ ಮೊದಲೇ ಲೆಕ್ಕವಾಗಿತ್ತು.

2003ರ ಸಂವಿಧಾನ ತಿದ್ದುಪಡಿ ಪ್ರಕಾರ ವಿಧಾನಸಭೆಯ ಬಲದ ಶೇ 15ಕ್ಕಿಂತ ಜಾಸ್ತಿ ಮಂತ್ರಿಗಳು ಇರುವಂತಿಲ್ಲ, ನಮ್ಮಲ್ಲಿ ಅದು 34. ಒಳ್ಳೆಯ ನಿಯಮವೇ. ಆದರೆ ಕುರ್ಚಿ ಸಿಗದವರನ್ನು ನಿಗಮ, ಮಂಡಳಿ ಕೊಟ್ಟು ಸಮಾಧಾನ ಮಾಡುವುದಕ್ಕೆ ಮಿತಿ ಎಲ್ಲಿದೆ? ಅದರ ಖರ್ಚೂ ನಮ್ಮದೇ ಅಲ್ವಾ? ಅಷ್ಟೆಲ್ಲ ಮಾಡಿಯೂ ಆ ಸರ್ಕಾರ 14 ತಿಂಗಳಲ್ಲಿ, ವಿಶ್ವಾಸಮತದಲ್ಲಿ 99–105ರಿಂದ ಸೋತು ಬಿತ್ತು.

– ಒಬ್ಬ ಓದುಗ