ಉಪ್ಪು, ಮೆಣಸು, ವಿನೆಗರ್ ಮತ್ತು ಒಬ್ಬ ‘ರೈತ’ನ ಪತ್ರಗಳು

ಮಾನ್ಯ ಸಂಪಾದಕರೇ,

ಅಮೆರಿಕದ ಸ್ವಾತಂತ್ರ್ಯ ಹೋರಾಟದ ಕುರಿತ ನಿಮ್ಮ ಪುರವಣಿ ಬರಹ ಆ ಹೋರಾಟದಲ್ಲಿ ಪೆನ್ಸಿಲ್ವೇನಿಯಾದ ಪ್ರತಿನಿಧಿಯಾಗಿದ್ದ ಜಾನ್ ಡಿಕಿನ್ಸನ್ ಅವರನ್ನು ‘ಘೋಷಣೆಗೆ ಸಹಿ ಹಾಕದ ಅಂಜುಬುರುಕ’ ಎಂದು ಒಂದೇ ಸಾಲಿನಲ್ಲಿ ಮುಗಿಸಿದೆ. ಅವರು ಬರೆದದ್ದನ್ನು ಓದಿದವರು ಹೀಗೆ ಹೇಳಲಾರರು.

ಅಮೆರಿಕ ಇನ್ನೂ ಬ್ರಿಟನ್ನಿನ ವಸಾಹತಾಗಿದ್ದಾಗ ಅವರು ಬರೆದ ‘ಪೆನ್ಸಿಲ್ವೇನಿಯಾದ ರೈತನ ಪತ್ರಗಳು’ ಒಟ್ಟು 12. 1767ರ ಡಿಸೆಂಬರ್‌ನಲ್ಲಿ ಪತ್ರಿಕೆಯೊಂದರಲ್ಲಿ ಶುರುವಾದವು. ಉಳಿದ ವಸಾಹತು ಪತ್ರಿಕೆಗಳಲ್ಲಿ ಬಹುಪಾಲು ಅವನ್ನು ಮರುಮುದ್ರಿಸಿದವು. ರೈತ ಎನ್ನುವುದು ಬರೀ ವೇಷ. ಬರೆದವರು ಲಂಡನ್ನಿನಲ್ಲಿ ಕಾನೂನು ಓದಿ, ಶಾಸನಸಭೆಯಲ್ಲಿ ಕೂತು ಬಂದಿದ್ದ ವಕೀಲರು.

ಮೊದಲ ಪತ್ರದ ವಿಷಯ ಕೇಳಿದರೆ ಕಾಳುಮೆಣಸು ಬೆಳೆಯುವ ನಮಗೆ ನಗು ಬಂದೀತು. ಬ್ರಿಟಿಷ್ ಸೈನಿಕರಿಗೆ ಸಾಮಾನು ಒದಗಿಸುವಾಗ ನ್ಯೂಯಾರ್ಕ್ ವಸಾಹತಿನ ಶಾಸನಸಭೆ ಉಪ್ಪು, ಮೆಣಸು, ವಿನೆಗರ್ ಮಾತ್ರ ಬಿಟ್ಟಿತ್ತಂತೆ. ಅಷ್ಟಕ್ಕೇ ಆ ಸಭೆ ಶಾಸನ ಮಾಡುವುದನ್ನೇ ಬ್ರಿಟಿಷ್ ಪಾರ್ಲಿಮೆಂಟ್ ತಡೆಯಿತು. ನ್ಯೂಯಾರ್ಕ್ ಮಾಡಿದ್ದು ಜಾಣತನವಲ್ಲ ಎಂದು ಡಿಕಿನ್ಸನ್ ಒಪ್ಪುತ್ತಾರೆ. ಆದರೆ ಸಾಮಾನು ಕೊಡಲೇಬೇಕೆಂಬ ಅಪ್ಪಣೆಯೂ ತೆರಿಗೆಯೇ ಎನ್ನುತ್ತಾರೆ.

ಎರಡನೆಯ ಪತ್ರ ವಸಾಹತುಗಳಿಗೆ ಬರುವ ಗಾಜು, ಸೀಸ, ಬಣ್ಣ, ಕಾಗದ, ಚಹಾದ ಮೇಲೆ ಪಾರ್ಲಿಮೆಂಟ್ ಹೇರಿದ ಟೌನ್‌ಶೆಂಡ್ ಸುಂಕದ್ದು. ಬಂದರು ಸುಂಕ ಮೊದಲಿಂದಲೂ ಇತ್ತಲ್ಲ ಎಂಬ ವಾದಕ್ಕೆ ಅವರು ಕಾಯ್ದೆಯ ಪೀಠಿಕೆಯನ್ನೇ ತೋರಿಸುತ್ತಾರೆ: ಹಳೆಯದು ವ್ಯಾಪಾರವನ್ನು ಹತೋಟಿಯಲ್ಲಿಡಲು, ಇದು ವರಮಾನಕ್ಕೆ. ಗಾಜು, ಕಾಗದ ಬ್ರಿಟನ್ನಿನಿಂದಲೇ ತರಬೇಕೆಂದು ಕಟ್ಟುಹಾಕಿ, ಅದರ ಮೇಲೆ ಸುಂಕ ಹೇರಿದರೆ ಕೊಳ್ಳುವವನಿಗೆ ತಪ್ಪಿಸಿಕೊಳ್ಳುವ ದಾರಿಯೇ ಇಲ್ಲ. ಮೊತ್ತ ಚಿಕ್ಕದೆಂದು ಸುಮ್ಮನಿರುವುದೇ ಅಪಾಯ, ಅಭ್ಯಾಸವಾಗುವುದು ಚಿಕ್ಕದರಿಂದಲೇ ಎಂಬುದು ಏಳನೆಯ ಪತ್ರದ ತಿರುಳು. ಮಂಡಿಯ ಪಟ್ಟಿ ಕೈಗೆ ಬಂದಾಗ ಎಷ್ಟು ಕಡಿತ ಎನ್ನುವುದಕ್ಕಿಂತ ಯಾವ ಬಾಬ್ತಿನ ಕಡಿತ ಎಂದು ನೋಡುವ ಅಡಿಕೆ ಬೆಳೆಗಾರರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಇವನ್ನು ಸ್ವಾತಂತ್ರ್ಯದ ಕರೆ ಎಂದು ಓದುವವರು ಎಡವುವುದು ಮೂರನೆಯ ಪತ್ರದಲ್ಲಿ. ಮೊದಲು ಮನವಿ, ಆಮೇಲೆ ಬ್ರಿಟಿಷ್ ಸರಕು ಕೊಳ್ಳದಿರುವುದು, ಬಲಪ್ರಯೋಗ ಬೇರೆ ದಾರಿ ಇಲ್ಲದಾಗ ಮಾತ್ರ ಎಂಬುದು ಅಲ್ಲಿನ ಕ್ರಮ. ಹಾಗಾಗಿ 1776ರ ಜುಲೈನಲ್ಲಿ ಅವರು ಹಿಂದೆ ಸರಿದದ್ದು ದಿಢೀರ್ ಹೆದರಿಕೆಯಲ್ಲ. ಜುಲೈ 2ರಂದು ವಸಾಹತುಗಳ ಪ್ರತಿನಿಧಿಗಳ ಕಾಂಗ್ರೆಸ್‌ನಲ್ಲಿ ಸ್ವಾತಂತ್ರ್ಯದ ಕುರಿತು ಮತ ಹಾಕುವಾಗ ಅವರೂ ಪೆನ್ಸಿಲ್ವೇನಿಯಾದ ಇನ್ನೊಬ್ಬ ಪ್ರತಿನಿಧಿ ರಾಬರ್ಟ್ ಮಾರಿಸ್ ಅವರೂ ಮತದಾನದಿಂದ ಹೊರಗುಳಿದರು. ಪೆನ್ಸಿಲ್ವೇನಿಯಾದ ಮತ 3-2ರಿಂದ ಸ್ವಾತಂತ್ರ್ಯದ ಕಡೆಗೆ ಬಿತ್ತು. ಇಬ್ಬರೂ ಬಂದು ವಿರೋಧಿಸಿದ್ದರೆ ಲೆಕ್ಕ ತಿರುಗುತ್ತಿತ್ತು. ಅದಾದ ಮೇಲೆ ಡಿಕಿನ್ಸನ್ ತಮ್ಮ ಸೇನಾ ತುಕಡಿಯೊಂದಿಗೆ ದಂಡಿಗೆ ಹೊರಟರು.

– ಇತಿಹಾಸ ಅಧ್ಯಾಪಕರು, ಸಾಗರ